ನಿಧಾನವಾದದ್ದು ನೀವು, ಆಟ ಅಲ್ಲ

ಪ್ರಶ್ನೆ: ಸರ್, ನಾನು ಚಿಕ್ಕಮಗಳೂರಿನ ಒಂದು ಕಾಲೇಜು ಬಾಸ್ಕೆಟ್‌ಬಾಲ್ ತಂಡದಲ್ಲಿ ಪಾಯಿಂಟ್ ಗಾರ್ಡ್, ಅಂದರೆ ಬಾಲ್ ತಂದು ಆಟ ನಡೆಸುವವನು. ಹೋದ ತಿಂಗಳು ಹಾಸನದಲ್ಲಿ ಆಡಿದ ಮ್ಯಾಚಿನಲ್ಲಿ ಹಾಫ್ ಟೈಮಿಗೆ ನಾವು 34–22 ಮುಂದಿದ್ದೆವು. "ಇನ್ನು ನಿಧಾನವಾಗಿ ಆಡಿ, ಬಾಲ್ ಇಟ್ಕೊಳ್ಳಿ" ಅಂದರು ಕೋಚ್. ಹಾಗೇ ಆಡಿದೆವು. ಕೊನೆಗೆ 51–55ಕ್ಕೆ ಸೋತೆವು. ಎರಡನೇ ಅರ್ಧದಲ್ಲೇ ನಮ್ಮದು 13 ಟರ್ನ್ ಓವರ್ (ಶಾಟ್ ಹಾಕದೆಯೇ ಬಾಲ್ ಕಳೆದುಕೊಳ್ಳುವುದು). ಹಾಸ್ಟೆಲಿನಲ್ಲಿ ಎನ್‌ಬಿಎ 2ಕೆ ವಿಡಿಯೋ ಗೇಮ್ ಆಡುವಾಗಲೂ ಇದೇ ಗೋಳು. ನಾನು ಪ್ಲೇ (ಮೊದಲೇ ಗೊತ್ತು ಮಾಡಿದ ಆಟದ ಯೋಜನೆ) ಹಾಕಿ ನಿಧಾನವಾಗಿ ಆಡುತ್ತೇನೆ, ರೂಮ್‌ಮೇಟ್ ಸುಮ್ನೆ ಓಡಿ ಓಡಿ ಲೇಅಪ್ (ಬುಟ್ಟಿಯ ಹತ್ತಿರ ಹೋಗಿ ಹಾಕುವ ಸುಲಭದ ಶಾಟ್) ಹಾಕಿ ಗೆಲ್ಲುತ್ತಾನೆ. ಆಟದ ವೇಗವನ್ನು ನಮ್ಮ ಕೈಯಲ್ಲಿ ಇಟ್ಟುಕೊಳ್ಳುವುದು ಹೇಗೆ?

ಉತ್ತರ: ಮೊದಲು ನಿಮ್ಮ ಸ್ಕೋರನ್ನೇ ಬಿಡಿಸಿ ನೋಡೋಣ. ಮೊದಲ ಅರ್ಧದಲ್ಲಿ ನಿಮಗೆ 34, ಅವರಿಗೆ 22. ಎರಡನೇ ಅರ್ಧದಲ್ಲಿ ನಿಮಗೆ 17, ಅವರಿಗೆ 33. ಆಟ ನಿಜವಾಗಿ ನಿಧಾನವಾಗಿದ್ದರೆ ಎರಡೂ ಕಡೆಯ ಪಾಯಿಂಟ್ ಇಳಿಯಬೇಕಿತ್ತು. ನಿಮ್ಮದು ಸರಿಯಾಗಿ ಅರ್ಧಕ್ಕೆ ಇಳಿದಿದೆ. ಅವರದು ಒಂದೂವರೆ ಪಟ್ಟಾಗಿದೆ. ನಿಧಾನವಾದವರು ನೀವು ಐದು ಜನ ಮಾತ್ರ. ಅವರು ಮೊದಲಿಗಿಂತ ಜೋರಾಗಿ ಓಡಿದ್ದಾರೆ, ಓಡಲು ದಾರಿ ಬಿಟ್ಟುಕೊಟ್ಟವರೂ ನೀವೇ.

ಬೇಜಾರು ಮಾಡಿಕೊಳ್ಳಬೇಡಿ. ಆಡುವ ಕಾಲದಲ್ಲಿ ನಾನೂ ಇದೇ ತಪ್ಪು ಮಾಡಿದ್ದೇನೆ. 9 ಪಾಯಿಂಟ್ ಮುಂದಿದ್ದಾಗ ಅರ್ಧ ಗೆರೆಯ ಹತ್ತಿರ ನಿಂತು ಬಾಲ್ ಕುಟ್ಟುತ್ತಿದ್ದೆ. ನೋಡುವವರಿಗೆ ಎಷ್ಟು ತಾಳ್ಮೆಯ ಹುಡುಗ ಅನ್ನಿಸಿರಬೇಕು. ನನ್ನ ನಾಲ್ಕು ಜನ ಜೊತೆಗಾರರು ಬಸ್ಸಿಗೆ ಕಾಯುವವರ ಹಾಗೆ ನಿಂತಿದ್ದರು. ಕೊನೆಗೆ ಯಾರೋ "ಟೈಮ್ ಟೈಮ್" ಎಂದು ಕೂಗುವುದು, ನಾನು ದೂರದಿಂದ ಎಸೆಯುವುದು, ಬಾಲ್ ರಿಂಗಿಗೆ ಬಡಿದು ಎದುರಿನವರ ಕೈಗೆ ಹೋಗುವುದು. ಆರು ಸಲ ಹಾಗಾಯಿತು. ಆರು ಸಲವೂ ಅವರು ಓಡಿದರು.

ಇಲ್ಲಿ ಒಂದು ಸಂಗತಿ ಗಮನಿಸಿ. ದೂರದಿಂದ ಹಾಕಿ ತಪ್ಪಿದ ಶಾಟ್ ದೂರಕ್ಕೇ ಪುಟಿಯುತ್ತದೆ. ಬುಟ್ಟಿಯ ಕೆಳಗಿರುವ ನಿಮ್ಮ ಎತ್ತರದ ಹುಡುಗರ ತಲೆ ಮೇಲಿಂದ ಹಾದು, ಎದುರಿನ ಗಾರ್ಡ್ ಕೈಗೇ ಬೀಳುತ್ತದೆ. ಅವನಿಗೆ ಔಟ್‌ಲೆಟ್ ಪಾಸ್ (ಬಾಲ್ ಹಿಡಿದವನು ಓಟ ಶುರು ಮಾಡಲು ಗಾರ್ಡ್‌ಗೆ ಕೊಡುವ ಮೊದಲ ಪಾಸ್) ಕೂಡ ಬೇಡ, ಅಲ್ಲಿಂದಲೇ ಓಟ. ಟರ್ನ್ ಓವರ್ ಇನ್ನೂ ಕೆಟ್ಟದ್ದು. ಬಾಲ್ ಕಳೆದುಕೊಂಡ ಕ್ಷಣದಲ್ಲಿ ನಿಮ್ಮವರ ಮುಖವೆಲ್ಲ ಎದುರಿನ ಬುಟ್ಟಿಯ ಕಡೆಗಿರುತ್ತದೆ. ನಿಮ್ಮ 13 ಟರ್ನ್ ಓವರ್‌ಗಳಲ್ಲಿ ಅರ್ಧ ಲೇಅಪ್ ಆಗಿ ತಿರುಗಿದ್ದರೂ ಸಾಕು, 12 ಪಾಯಿಂಟಿನ ಲೀಡ್ ಕರಗುತ್ತದೆ.

ಶಿರಾಡಿ ಘಾಟ್ ಇಳಿಯುವ ಲಾರಿಯನ್ನು ನೋಡಿದ್ದೀರಲ್ಲ? ಅನುಭವ ಇರುವ ಡ್ರೈವರ್ ಉದ್ದಕ್ಕೂ ಬ್ರೇಕ್ ಒತ್ತಿಕೊಂಡು ಇಳಿಯುವುದಿಲ್ಲ. ಒತ್ತಿದರೆ ಬ್ರೇಕ್ ಕಾದು ಹಿಡಿಯದೇ ಹೋಗುತ್ತದೆ. ಅವನು ಗೇರ್ ಇಳಿಸುತ್ತಾನೆ. ಎಂಜಿನ್ ಓಡುತ್ತಲೇ ಇರುತ್ತದೆ, ಗಾಡಿ ಹಿಡಿತದಲ್ಲಿರುತ್ತದೆ. ನೀವು ಬ್ರೇಕ್ ಒತ್ತಿದಿರಿ.

ನಮ್ಮ ಹುಡುಗರಿಗೆ ನಾನು ಯಾವಾಗಲೂ ಕೊಡುವುದು ಕಬಡ್ಡಿಯ ಉದಾಹರಣೆ. ಮುಂದಿರುವ ತಂಡದ ರೇಡರ್ ತನ್ನ 30 ಸೆಕೆಂಡನ್ನು ಹೇಗೆ ಕಳೆಯುತ್ತಾನೆ? ಸುಮ್ಮನೆ ನಿಲ್ಲುತ್ತಾನಾ? ಇಲ್ಲ. ಮೂಲೆಯಿಂದ ಮೂಲೆಗೆ ಸರಿಯುತ್ತಾನೆ, ಕಾಲು ಚಾಚುತ್ತಾನೆ, ಹೆದರಿಸುತ್ತಾನೆ, ಬಾಕ್ ಲೈನ್ ದಾಟಿ ವಾಪಸ್ ಬರುತ್ತಾನೆ. ಏಳು ಜನ ಡಿಫೆಂಡರ್‌ಗಳಿಗೆ ಅಷ್ಟು ಹೊತ್ತೂ ಉಸಿರು ಬಿಡಲು ಆಗುವುದಿಲ್ಲ. ಸಮಯವೂ ಹೋಯಿತು, ಅಪಾಯವೂ ಹಾಗೇ ಇತ್ತು. ಬಾಸ್ಕೆಟ್‌ಬಾಲಿನಲ್ಲಿ ನಿಧಾನವಾಗಿ ಆಡುವುದು ಅಂದರೆ ಇದು. ಎದುರಾಳಿ 20 ಸೆಕೆಂಡ್ ಡಿಫೆನ್ಸ್ ಮಾಡಲೇಬೇಕು. ಅವನು ಆರಾಮಾಗಿ ನಿಂತುಬಿಟ್ಟರೆ ದಣಿಯುವವರು ನೀವೇ.

ಈಗ ವೇಗವನ್ನು ಅಳೆಯುವುದು ಹೇಗೆ ಅಂತ ನೋಡೋಣ, ಯಾಕಂದರೆ ಕಾಲಿನ ಓಟಕ್ಕೂ ಆಟದ ವೇಗಕ್ಕೂ ಸಂಬಂಧ ಕಮ್ಮಿ. ಅಳೆಯುವುದು ಪೊಸೆಷನ್ ಲೆಕ್ಕದಲ್ಲಿ. ನಾನು ಸರದಿ ಅನ್ನುತ್ತೇನೆ. ಬಾಲ್ ನಿಮ್ಮ ತಂಡಕ್ಕೆ ಸಿಕ್ಕಿದಲ್ಲಿಂದ ಎದುರಿನವರಿಗೆ ಹೋಗುವವರೆಗೆ ಒಂದು ಸರದಿ. ಸ್ಕೋರ್ ಶೀಟ್ ಇದ್ದರೆ ಲೆಕ್ಕ ಸುಲಭ. ಹಾಕಿದ ಶಾಟ್‌ಗಳಲ್ಲಿ ಆಫೆನ್ಸಿವ್ ರೀಬೌಂಡ್ (ತಪ್ಪಿದ ನಿಮ್ಮದೇ ಶಾಟ್ ಪುಟಿದು ಮತ್ತೆ ನಿಮ್ಮವರಿಗೇ ಸಿಕ್ಕಿದ್ದು) ಕಳೆಯಿರಿ, ಟರ್ನ್ ಓವರ್ ಕೂಡಿಸಿ, ಫ್ರೀ ಥ್ರೋಗಳನ್ನು (ಫೌಲಿಗೆ ಸಿಗುವ, ಯಾರೂ ತಡೆಯದ ಎಸೆತ) 0.44ರಿಂದ ಗುಣಿಸಿ ಕೂಡಿಸಿ. ಎರಡು ಫ್ರೀ ಥ್ರೋಗೆ ಒಂದು ಸರದಿ ಅಂದರೆ 0.5 ಆಗಬೇಕಿತ್ತು. ಆದರೆ ಬುಟ್ಟಿ ಬಿದ್ದ ಮೇಲೆ ಸಿಗುವ ಒಂದೇ ಫ್ರೀ ಥ್ರೋ, ಟೆಕ್ನಿಕಲ್ ಫೌಲಿನ ಫ್ರೀ ಥ್ರೋ, ಇಂಥವಕ್ಕೆ ಬೇರೆ ಸರದಿ ಖರ್ಚಾಗುವುದಿಲ್ಲ, ಅದಕ್ಕೇ ಸ್ವಲ್ಪ ಕಮ್ಮಿ. ಉದಾಹರಣೆಗೆ 58 ಶಾಟ್, 10 ಆಫೆನ್ಸಿವ್ ರೀಬೌಂಡ್, 15 ಟರ್ನ್ ಓವರ್, 16 ಫ್ರೀ ಥ್ರೋ ಇದ್ದರೆ ಸುಮಾರು 70 ಸರದಿ. 40 ನಿಮಿಷದಲ್ಲಿ ಎರಡೂ ತಂಡಕ್ಕೆ ಎಪ್ಪತ್ತೆಪ್ಪತ್ತು ಅಂದರೆ ಒಂದು ಸರದಿಗೆ ಸರಾಸರಿ 17 ಸೆಕೆಂಡ್.

ಸರದಿ ಇಬ್ಬರಿಗೂ ಹೆಚ್ಚುಕಮ್ಮಿ ಒಂದೇ ಸಂಖ್ಯೆಯಲ್ಲಿ ಬರುತ್ತದೆ, ಒಂದಾದ ಮೇಲೆ ಇನ್ನೊಬ್ಬರದು. ಹಾಗಾಗಿ ವೇಗ ಒಂದು ತಂಡದ ಸ್ವತ್ತಲ್ಲ. ನಿಮ್ಮ ಸರದಿಯನ್ನು 22 ಸೆಕೆಂಡಿಗೆ ಎಳೆದು, ಅವರಿಗೆ 5 ಸೆಕೆಂಡಿನಲ್ಲಿ ಲೇಅಪ್ ಕೊಟ್ಟರೆ ಆಟ ಯಾರ ಕೈಯಲ್ಲಿದೆ ಹೇಳಿ?

ಬಾಲ್ ಹಿಡಿದುಕೊಂಡು ನಿಲ್ಲುವ ಉಪಾಯ ಹಳೆಯದು. ಅಮೆರಿಕದ ವೃತ್ತಿಪರ ಲೀಗ್ ಎನ್‌ಬಿಎಯಲ್ಲಿ ಅದು ಅತಿರೇಕಕ್ಕೆ ಹೋಗಿ ನಿಯಮವೇ ಬದಲಾಯಿತು. 1950ರ ನವೆಂಬರ್ 22ರಂದು ಫೋರ್ಟ್ ವೇನ್ ಪಿಸ್ಟನ್ಸ್ ತಂಡ ಮಿನಿಯಾಪೊಲಿಸ್ ಲೇಕರ್ಸ್ ತಂಡವನ್ನು 19–18ಕ್ಕೆ ಸೋಲಿಸಿತು. ಇದು ಇಡೀ ಮ್ಯಾಚಿನ ಸ್ಕೋರು, ಮೊದಲ ಕ್ವಾರ್ಟರಿನದಲ್ಲ. ಎದುರಿಗೆ ಜಾರ್ಜ್ ಮಿಕನ್ ಎಂಬ ದೈತ್ಯ ಇದ್ದ. ಲೇಕರ್ಸ್‌ನ 18ರಲ್ಲಿ 15 ಅವನೊಬ್ಬನದೇ. ಅವನ ಕೈಗೆ ಬಾಲ್ ಸಿಗಬಾರದು ಅಂತ ಪಿಸ್ಟನ್ಸ್‌ನವರು ಬಾಲ್ ಹಿಡಿದು ನಿಂತುಬಿಟ್ಟರು. ನೋಡಲು ಬಂದವರ ಕಥೆ ಊಹಿಸಿ. 1954ರಲ್ಲಿ ಸಿರಾಕ್ಯೂಸ್ ತಂಡದ ಮಾಲೀಕ ಡ್ಯಾನಿ ಬಯಾಸೋನ್ ಒಂದು ಸರಳ ಲೆಕ್ಕ ಹಾಕಿದ. ಒಳ್ಳೆ ಮ್ಯಾಚಿನಲ್ಲಿ ಎರಡೂ ತಂಡ ಸೇರಿ ಸುಮಾರು 120 ಶಾಟ್. 48 ನಿಮಿಷ ಅಂದರೆ 2,880 ಸೆಕೆಂಡ್. ಭಾಗಿಸಿದರೆ 24. ನಾವು ಇವತ್ತೂ ಬಳಸುವ 24 ಸೆಕೆಂಡ್ ಶಾಟ್ ಕ್ಲಾಕ್ (ಅಷ್ಟರೊಳಗೆ ಶಾಟ್ ಹಾಕಲೇಬೇಕು ಅನ್ನುವ ಗಡಿಯಾರ) ಹುಟ್ಟಿದ್ದು ಹೀಗೆ. ಮುಂದಿನ ಸೀಸನ್ನಿನಲ್ಲಿ ಒಂದು ತಂಡದ ಸರಾಸರಿ ಸ್ಕೋರು 79.5ರಿಂದ 93.1ಕ್ಕೆ ಏರಿತು.

ಹಾಗಂತ ವೇಗವಾಗಿ ಆಡಿದವರೆಲ್ಲ ಗೆದ್ದರು ಅಂತಲೂ ಇಲ್ಲ. ನನಗೆ ತುಂಬಾ ಇಷ್ಟವಾದ ಒಂದು ಜೋಡಿ ಇದೆ. 1990–91ರಲ್ಲಿ ಡೆನ್ವರ್ ನಗೆಟ್ಸ್ ಕೋಚ್ ಪಾಲ್ ವೆಸ್ಟ್‌ಹೆಡ್ ತಂಡವನ್ನು ಹುಚ್ಚು ವೇಗದಲ್ಲಿ ಓಡಿಸಿದರು. ಮ್ಯಾಚಿಗೆ ಸರಾಸರಿ 119.9 ಪಾಯಿಂಟ್ ಹೊಡೆದರು, 130.8 ಬಿಟ್ಟುಕೊಟ್ಟರು. 20 ಗೆಲುವು, 62 ಸೋಲು. 2004–05ರಲ್ಲಿ ಮೈಕ್ ಡ್ಯಾಂಟೋನಿ ಅವರ ಫೀನಿಕ್ಸ್ ಸನ್ಸ್ ಕೂಡ ಲೀಗಿನ ಓಟಗಾರರೇ. 62 ಗೆಲುವು, 20 ಸೋಲು. ಸಂಖ್ಯೆ ಅದೇ, ತಿರುಗುಮುರುಗು! ನಗೆಟ್ಸ್ ಎದುರಿನವರನ್ನೂ ಓಡಲು ಬಿಟ್ಟರು. ಸನ್ಸ್ ಬಳಿ ಸ್ಟೀವ್ ನ್ಯಾಶ್ ಇದ್ದ. ಅವನು ಓಡುತ್ತಲೇ ತಲೆ ಎತ್ತಿ ನೋಡುತ್ತಿದ್ದ. ಶಾಟ್ ಚೆನ್ನಾಗಿದ್ದರೆ ಏಳನೇ ಸೆಕೆಂಡಿಗೇ ಹಾಕಿಸುತ್ತಿದ್ದ, ಇಲ್ಲದಿದ್ದರೆ ಡ್ರಿಬಲ್ ನಿಲ್ಲಿಸದೆ ಬುಟ್ಟಿಯ ಕೆಳಗಿಂದ ಹಾದು ಆ ಕಡೆ ಬಂದು ಮತ್ತೆ ಹುಡುಕುತ್ತಿದ್ದ. ಬಾಲ್ ಸಾಯುತ್ತಿರಲಿಲ್ಲ.

ಇನ್ನು ನಿಮ್ಮ ಪ್ರಶ್ನೆಯ ತಿರುಳು. ನನ್ನ ಪ್ರಕಾರ ವೇಗ ತೀರ್ಮಾನವಾಗುವುದು ಬಾಲ್ ಕೈ ಬದಲಾದ ಮೊದಲ ಮೂರು ಸೆಕೆಂಡಿನಲ್ಲಿ. ಪಾಯಿಂಟ್ ಗಾರ್ಡ್ ಬಾಲ್ ತಂದು ಕೈ ಎತ್ತಿ ನಂಬರ್ ತೋರಿಸುವ ಹೊತ್ತಿಗೆ ಅದು ಮುಗಿದ ಮಾತು. ಅದಕ್ಕೇ ನಿಧಾನ ಮಾಡುವ ಕೆಲಸ ಶುರುವಾಗುವುದು ನಿಮ್ಮ ಶಾಟ್ ಗಾಳಿಯಲ್ಲಿರುವಾಗ. ಆಗಲೇ ಇಬ್ಬರು ತಿರುಗಿ ಓಡಬೇಕು. ಒಬ್ಬರು ನೀವು. ನೀವು ಅರ್ಧ ಗೆರೆ ದಾಟಿ ನಿಮ್ಮ ಬುಟ್ಟಿಯ ಕಡೆ, ಇನ್ನೊಬ್ಬ ಅರ್ಧ ಗೆರೆಯ ಹತ್ತಿರ. ಉಳಿದ ಮೂವರು ರೀಬೌಂಡಿಗೆ. ರೀಬೌಂಡ್ ಎದುರಿನವನಿಗೆ ಸಿಕ್ಕಿತಾ? ಹತ್ತಿರದ ಎತ್ತರದ ಹುಡುಗ ವಾಪಸ್ ಓಡುವ ಮೊದಲು ಅವನ ಎದುರು ಕೈ ಎತ್ತಿ ಒಂದೂವರೆ ಸೆಕೆಂಡ್ ನಿಲ್ಲಲಿ. ಮುಟ್ಟುವುದು ಬೇಡ, ಕಸಿಯುವುದು ಬೇಡ. ಔಟ್‌ಲೆಟ್ ಪಾಸ್ ತಡವಾದರೆ ಸಾಕು. ಆ ಒಂದೂವರೆ ಸೆಕೆಂಡಿನಲ್ಲಿ ನಿಮ್ಮ ಉಳಿದವರು ಹತ್ತು ಹೆಜ್ಜೆ ಹಿಂದೆ ಬಂದಿರುತ್ತಾರೆ. ಬೆಳಗಿನ ಪ್ರಾಕ್ಟೀಸಿನಲ್ಲಿ ಇದನ್ನು ಬೇರೆಯಾಗಿ ಅಭ್ಯಾಸ ಮಾಡಿ. ಬೇಜಾರಿನ ಕೆಲಸ ನಿಜ. ಮಳೆಗಾಲದಲ್ಲಿ ಕಾಂಕ್ರೀಟ್ ಕೋರ್ಟ್ ಒದ್ದೆಯಾಗಿ ಓಡಲು ಆಗದ ದಿನ ಇದನ್ನೇ ನಡೆಯುತ್ತಾ ಮಾಡಬಹುದು. ನಮ್ಮ ಕಡೆ ಅಂಥ ದಿನಗಳಿಗೇನು ಬರ?

ನಿಮ್ಮ ಶಾಟ್ ಬುಟ್ಟಿಗೆ ಬಿದ್ದಾಗ ಇನ್ನೊಂದು ಉಪಾಯ ಇದೆ. ಇದನ್ನು ನಮ್ಮ ಕಾಲೇಜು ತಂಡಗಳು ಬಳಸುವುದು ಕಮ್ಮಿ. ಪ್ರೆಸ್ (ಎದುರಿನವರು ಬಾಲ್ ತರುವಾಗಲೇ ಅಡ್ಡ ಹಾಕುವುದು) ಅಂದ ತಕ್ಷಣ ಎಲ್ಲರಿಗೂ ಬಾಲ್ ಕಸಿಯುವುದೇ ನೆನಪಾಗುತ್ತದೆ. ಕಸಿಯದ ಪ್ರೆಸ್ ಕೂಡ ಇದೆ. ಮುಂದೆ ಒಬ್ಬ, ಹಿಂದೆ ಇಬ್ಬರು, ಅವರ ಹಿಂದೆ ಇಬ್ಬರು. ಬಾಲ್ ತರುವವನಿಗೆ ನೇರ ದಾರಿ ಬಿಡದೆ, ಅತ್ತಿತ್ತ ತಿರುಗಿಸುತ್ತಾ ಹಿಂದಕ್ಕೆ ಸರಿಯುವುದು. ಬಾಲನ್ನು ಅರ್ಧ ಗೆರೆ ದಾಟಿಸಲು 8 ಸೆಕೆಂಡ್ ಅವಕಾಶ. ಅದರಲ್ಲಿ 6–7 ಸೆಕೆಂಡ್ ಅಲ್ಲೇ ತಿನ್ನಿಸಿ. ನಂತರ 2–3 ಝೋನಿಗೆ ಬನ್ನಿ, ಅಂದರೆ ಮುಂದೆ ಇಬ್ಬರು, ಬುಟ್ಟಿಯ ಹತ್ತಿರ ಮೂವರು, ಒಬ್ಬೊಬ್ಬರು ಒಂದೊಂದು ಜಾಗ ಕಾಯುವುದು. ಈಗ ಅವರ ಕೈಯಲ್ಲಿ ಉಳಿದಿದ್ದು 17 ಸೆಕೆಂಡ್. ಝೋನ್ ಬಿಡಿಸಲು ನಾಲ್ಕೈದು ಪಾಸ್ ಬೇಕು. ಅವರ ಸರದಿ ತಾನಾಗಿ 18–20 ಸೆಕೆಂಡ್ ಆಯಿತು. ನೀವು ಬಾಲ್ ಮುಟ್ಟದೆಯೇ ಆಟ ನಿಧಾನವಾಯಿತು. ಎಚ್ಚರ ಒಂದೇ. ಉತ್ಸಾಹದಲ್ಲಿ ಯಾರಾದರೂ ಕಸಿಯಲು ನುಗ್ಗಿದರೆ ಇಡೀ ಏರ್ಪಾಟು ಕೆಡುತ್ತದೆ. ನುಗ್ಗುವ ಹುಡುಗನನ್ನು ಹಿಂದಿನ ಸಾಲಿನಲ್ಲಿ ಹಾಕಿ.

ಬಾಲ್ ನಿಮ್ಮ ಕೈಯಲ್ಲಿದ್ದಾಗ? ಬಾಯಲ್ಲಿ ಎಣಿಸುವ ಅಭ್ಯಾಸ ಮಾಡಿಕೊಳ್ಳಿ. ನಮ್ಮ ಎಷ್ಟೋ ಕೋರ್ಟುಗಳಲ್ಲಿ ಕಣ್ಣಿಗೆ ಕಾಣುವ ಶಾಟ್ ಕ್ಲಾಕ್ ಇಲ್ಲ. ಟೇಬಲ್ಲಿನಲ್ಲಿ ಕೂತವರ ಸ್ಟಾಪ್‌ವಾಚೇ ಗತಿ. ಆರು ಸೆಕೆಂಡಿನಲ್ಲಿ ಅರ್ಧ ಗೆರೆ ದಾಟಿ. ಎಂಟನೇ ಸೆಕೆಂಡಿಗೆ ಮೊದಲ ಪಾಸ್ ಹೊರಡಲಿ. ಹತ್ತರ ಹೊತ್ತಿಗೆ ಮೊದಲ ಸ್ಕ್ರೀನ್ (ಜೊತೆಗಾರನಿಗೆ ಜಾಗ ಸಿಗಲು ಅವನ ಡಿಫೆಂಡರ್ ದಾರಿಗೆ ಅಡ್ಡ ನಿಲ್ಲುವುದು). ಸಿಗಲಿಲ್ಲವಾ, ಬಾಲ್ ಆ ಕಡೆಗೆ ಹೋಗಲಿ, ಅಲ್ಲಿ ಎರಡನೇ ಸ್ಕ್ರೀನ್. ಶಾಟ್ ಹದಿನೆಂಟರ ಆಸುಪಾಸಿನಲ್ಲಿ. ಹೆಚ್ಚಿನ ತಂಡಗಳು ತಪ್ಪುವುದು ಇಲ್ಲೇ. ನಿಧಾನ ಅಂದರೆ ಹದಿನೈದು ಸೆಕೆಂಡ್ ಏನೂ ಮಾಡದೆ, ಆಮೇಲೆ ಶುರು ಮಾಡುವುದು ಅಂದುಕೊಂಡಿರುತ್ತಾರೆ. ಆಗ ಒಂದೇ ಪ್ರಯತ್ನಕ್ಕೆ ಸಮಯ ಇರುತ್ತದೆ, ಎದುರಿನವನಿಗೂ ಅದು ಗೊತ್ತಿರುತ್ತದೆ. ಜೊತೆಗೆ ಒಂದೇ ಕಡೆ ನಿಂತು ಬಾಲ್ ಹಿಡಿದರೆ ಐದು ಸೆಕೆಂಡ್ ನಿಯಮವೂ ಇದೆ. ಹತ್ತಿರ ಬಂದು ಕಾವಲು ಕಾಯುವವನ ಎದುರು ಐದು ಸೆಕೆಂಡಿನೊಳಗೆ ಪಾಸ್, ಡ್ರಿಬಲ್ ಅಥವಾ ಶಾಟ್ ಆಗಬೇಕು.

ಇದೆಲ್ಲದರ ನಡುವೆ ಸುಲಭದ ಲೇಅಪ್ ಸಿಕ್ಕರೆ ಹಾಕಿಬಿಡಿ. "ನಿಧಾನ ಆಡಿ ಅಂದಿದ್ದಾರೆ" ಅಂತ ಒಬ್ಬನೇ ಇದ್ದ ಹುಡುಗ ಬುಟ್ಟಿಯ ಹತ್ತಿರ ಹೋಗಿ ಬಾಲ್ ವಾಪಸ್ ತಂದಿದ್ದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಕೋಚ್ ತಲೆ ಮೇಲೆ ಕೈ ಇಟ್ಟುಕೊಂಡು ಕೂತರು.

ನಿಮ್ಮ ಕೋಚ್ ಹೇಳಿದ್ದು ತಪ್ಪಾ? ಗುರಿ ತಪ್ಪಲ್ಲ, ಸಮಯ ಬೇಗ ಆಯಿತು. ಚೌಕಾಬಾರ ನೆನಪಿಸಿಕೊಳ್ಳಿ. ಒಂದೆರಡು ಸಲ ಕವಡೆ ಹಾಕಿದರೆ ಯಾರು ಬೇಕಾದರೂ ಮುಂದೆ ಹೋಗಬಹುದು, ಅದೃಷ್ಟ. ಇಡೀ ಮಧ್ಯಾಹ್ನ ಆಡಿದರೆ ಆಟ ಬಲ್ಲ ಅಜ್ಜಿಯೇ ಗೆಲ್ಲುವುದು. ಬಾಸ್ಕೆಟ್‌ಬಾಲಿನಲ್ಲೂ ಸರದಿ ಜಾಸ್ತಿಯಾದಷ್ಟೂ ಬಲವಾದ ತಂಡಕ್ಕೆ ಅನುಕೂಲ, ಕಮ್ಮಿಯಾದಷ್ಟೂ ದುರ್ಬಲ ತಂಡಕ್ಕೆ ಆಸೆ. ಮೊದಲ ಅರ್ಧದಲ್ಲಿ 34–22 ಅಂದರೆ ಆ ದಿನ ಬಲವಾದ ತಂಡ ನಿಮ್ಮದೇ ಇದ್ದಿರಬಹುದು. 20 ನಿಮಿಷ ಬಾಕಿ ಇರುವಾಗ ನೀವು ಯಾಕೆ ಆಟ ಬದಲಿಸಬೇಕು? ಮೂರನೇ ಕ್ವಾರ್ಟರ್ ಅದೇ ಓಟ ಓಡಿ, ಕೊನೆಯ ನಾಲ್ಕೈದು ನಿಮಿಷಕ್ಕೆ ಗೇರ್ ಇಳಿಸಬಹುದಿತ್ತು. ನಿಮಗಿಂತ ಎತ್ತರದ, ಪಳಗಿದ ಬೆಂಗಳೂರಿನ ತಂಡದ ಎದುರಾದರೆ ಮಾತು ಬೇರೆ. ಆಗ ಮೊದಲ ನಿಮಿಷದಿಂದಲೇ ಸರದಿ ಕಮ್ಮಿ ಮಾಡಿ, 40–38ರಂಥ ಸ್ಕೋರಿಗೆ ಎಳೆದು ತನ್ನಿ.

ಕೊನೆಯ ಎರಡು ನಿಮಿಷಕ್ಕೆ ಮಾತ್ರ ಪೂರ್ತಿ ಲೆಕ್ಕದ ಆಟ. 8 ಪಾಯಿಂಟ್ ಮುಂದಿದ್ದೀರಿ ಅನ್ನಿ. ಅವರು ಅವಸರದಲ್ಲಿ 8 ಸೆಕೆಂಡಿಗೇ ಶಾಟ್ ಹಾಕುತ್ತಾರೆ. ನೀವು 22 ಸೆಕೆಂಡ್ ತೆಗೆದುಕೊಂಡರೆ ಎರಡೂ ಸೇರಿ 30. ಅಂದರೆ ಅವರಿಗೆ ಉಳಿದಿದ್ದು ನಾಲ್ಕೇ ಸರದಿ. ನೀವೂ 6 ಸೆಕೆಂಡಿಗೆ ಹಾಕಿದರೆ ಜೋಡಿಗೆ 14, ಅವರಿಗೆ ಎಂಟು ಸರದಿ ಸಿಕ್ಕಿತು. ಅವರು ಫೌಲ್ ಮಾಡಿ ಗಡಿಯಾರ ನಿಲ್ಲಿಸಲು ನೋಡುತ್ತಾರೆ. ಕ್ವಾರ್ಟರಿನಲ್ಲಿ ಐದನೇ ಟೀಮ್ ಫೌಲಿನಿಂದ ಎರಡು ಫ್ರೀ ಥ್ರೋ, ಹಾಗಾಗಿ ಬಾಲ್ ನಿಮ್ಮ ಅತ್ಯುತ್ತಮ ಫ್ರೀ ಥ್ರೋ ಹುಡುಗನ ಕೈಯಲ್ಲಿರಲಿ, ಅದು ನೀವೇ ಆಗಬೇಕೆಂದಿಲ್ಲ. ಈ ಎರಡು ನಿಮಿಷದಲ್ಲಿ ಬುಟ್ಟಿ ಬಿದ್ದರೆ ಗಡಿಯಾರ ನಿಲ್ಲುತ್ತದೆ ಅನ್ನುವುದೂ ನೆನಪಿರಲಿ. ಬಾಲ್ ತರಲು ನೀವು ಎಷ್ಟು ನಿಧಾನವಾಗಿ ನಡೆದರೂ ಸೆಕೆಂಡ್ ಓಡುವುದಿಲ್ಲ, ರೆಫರಿ ಕೋಪ ಮಾತ್ರ ಏರುತ್ತದೆ. ಟೈಮ್ ಔಟ್ ಎರಡನೇ ಅರ್ಧಕ್ಕೆ ಮೂರು. ಅದರಲ್ಲಿ ಕೊನೆ ಎರಡು ನಿಮಿಷದಲ್ಲಿ ಎರಡಕ್ಕಿಂತ ಜಾಸ್ತಿ ಬಳಸುವಂತಿಲ್ಲ. ಹಾಗಾಗಿ ಒಂದನ್ನು ಮೊದಲೇ, ಎದುರಿನವರು ಸತತವಾಗಿ ಆರು ಪಾಯಿಂಟ್ ಹೊಡೆದ ತಕ್ಷಣ ತೆಗೆದುಕೊಳ್ಳಲು ಕೋಚ್‌ಗೆ ಹೇಳಿ. ಹಾಸನದಲ್ಲಿ ನಿಮ್ಮವರು ಯಾವಾಗ ತೆಗೆದುಕೊಂಡರು ಅಂತ ನೀವು ಬರೆದಿಲ್ಲ, ನನಗೇನೋ ಅನುಮಾನ ಇದೆ.

ಇನ್ನು ರೂಮ್‌ಮೇಟ್ ವಿಷಯ. ನನ್ನ ತಂಗಿ ಮಗನ ಜೊತೆ ಆಡಿ ಸೋತು ಸೋತು ನಾನೂ ಸ್ವಲ್ಪ ಕಲಿತಿದ್ದೇನೆ. ವಿಡಿಯೋ ಗೇಮಿನಲ್ಲಿ ಎರಡು ಬೇರೆ ಬೇರೆ ವೇಗಗಳಿವೆ. ಸೆಟ್ಟಿಂಗಿನಲ್ಲಿರುವ ಗೇಮ್ ಸ್ಪೀಡ್ ಸ್ಲೈಡರ್ ಆಟಗಾರರ ಚಲನೆಯನ್ನು ಜೋರು ಅಥವಾ ನಿಧಾನ ಮಾಡುತ್ತದೆ, ಅಷ್ಟೇ. ಸರದಿ ಎಷ್ಟು ಬರುತ್ತದೆ ಅನ್ನುವುದನ್ನು ತೀರ್ಮಾನಿಸುವುದು ನೀವಿಬ್ಬರು ಆಡುವ ರೀತಿ ಮತ್ತು ಕ್ವಾರ್ಟರಿನ ಉದ್ದ. ಎನ್‌ಬಿಎ ಮ್ಯಾಚಿನಲ್ಲಿ 48 ನಿಮಿಷಕ್ಕೆ ಒಂದು ತಂಡಕ್ಕೆ ಸುಮಾರು 100 ಸರದಿ. ನೀವು ಐದು ನಿಮಿಷದ ಕ್ವಾರ್ಟರ್ ಇಟ್ಟರೆ ಒಟ್ಟು 20 ನಿಮಿಷ, ಅದೇ ಲೆಕ್ಕದಲ್ಲಿ 42 ಸರದಿ. ಒಂದು ಮ್ಯಾಚಿನಲ್ಲಿ ಎಣಿಸಿ ನೋಡಿ. 60 ದಾಟಿದ್ದರೆ ಆಟ ಅವನ ಕೈಯಲ್ಲಿದೆ.

ಅವನ ಲೇಅಪ್ ನಿಲ್ಲಿಸುವುದು ಕಷ್ಟ ಅಲ್ಲ. ಬಾಲ್ ಅವನಿಗೆ ಹೋದ ತಕ್ಷಣ ನೀವು ಏನು ಮಾಡುತ್ತೀರಿ? ಬಾಲ್ ಹತ್ತಿರದ ಆಟಗಾರನನ್ನು ಹಿಡಿದು, ಕಸಿಯುವ ಬಟನ್ ಒತ್ತುತ್ತಾ ಅಟ್ಟಿಸಿಕೊಂಡು ಹೋಗುತ್ತೀರಿ, ಅಲ್ವಾ? ಎಲ್ಲರೂ ಮಾಡುವುದು ಅದೇ. ಅದರ ಬದಲು ಬಟನ್ ಒತ್ತಿ ಎಲ್ಲರಿಗಿಂತ ಹಿಂದಿರುವ ನಿಮ್ಮ ಆಟಗಾರನಿಗೆ ಬದಲಾಯಿಸಿ, ಅವನನ್ನು ನೇರ ಬುಟ್ಟಿಯ ಮುಂದೆ ನಿಲ್ಲಿಸಿ. ಬಾಲ್ ತರುವವನನ್ನು ಕಂಪ್ಯೂಟರ್ ನೋಡಿಕೊಳ್ಳುತ್ತದೆ. ದಾರಿ ಮುಚ್ಚಿದರೆ ನಿಮ್ಮ ರೂಮ್‌ಮೇಟ್ ನಿಲ್ಲಲೇಬೇಕು. ನಿಂತು ಆಡುವುದು ಅವನಿಗೆ ರೂಢಿ ಇಲ್ಲ. ಕೋಚ್ ಸೆಟ್ಟಿಂಗಿನಲ್ಲಿ ಆಫೆನ್ಸಿವ್ ರೀಬೌಂಡಿಗೆ ನುಗ್ಗುವುದನ್ನು ಕಮ್ಮಿ ಮಾಡಿದರೆ ನಿಮ್ಮವರು ಬೇಗ ಹಿಂದೆ ಬರುತ್ತಾರೆ. ವರ್ಷ ವರ್ಷದ ಗೇಮಿನಲ್ಲಿ ಮೆನು ಜಾಗ ಬದಲಾಗುತ್ತದೆ, ಹುಡುಕಿ.

ಪ್ಲೇಸ್ಟೇಷನ್ನಿನಲ್ಲಿ ಆರ್2 ಓಟದ ಬಟನ್. ಅದರ ಮೇಲಿಂದ ಬೆರಳು ತೆಗೆಯಲು ಕಲಿಯಿರಿ. ಒತ್ತಿ ಹಿಡಿದಷ್ಟೂ ಆಟಗಾರನ ಶಕ್ತಿಯ ಪಟ್ಟಿ ಇಳಿಯುತ್ತದೆ, ದಣಿದವನ ಶಾಟ್ ಬೀಳುವುದು ಕಮ್ಮಿ. ರೂಮ್‌ಮೇಟ್ ಇಡೀ ಮ್ಯಾಚು ಆರ್2 ಬಿಡುವುದಿಲ್ಲ ಅಂತ ನಿಮ್ಮ ಪತ್ರ ನೋಡಿದರೇ ಗೊತ್ತಾಗುತ್ತದೆ. ಮೊದಲ ಎರಡು ಕ್ವಾರ್ಟರಿನಲ್ಲಿ ಲೇಅಪ್ ಕೊಡದೆ ಅವನನ್ನು ಶಾಟ್‌ಗೆ ದೂಡಿದರೆ ಮೂರನೆಯದರಲ್ಲಿ ಅವನ ಸ್ಟಾರ್ ಆಟಗಾರ ಏದುಸಿರು ಬಿಡುತ್ತಾ ಬೆಂಚಿಗೆ ಹೋಗುತ್ತಾನೆ. ನಿಮ್ಮ ಸರದಿಯಲ್ಲಿ ಎಲ್1 ಒತ್ತಿ ಪ್ಲೇ ಹಾಕಿ, ಆದರೆ ಅರ್ಧ ಗೆರೆ ದಾಟುವ ಮೊದಲೇ. ಹೊರಗೆ ನಿಂತು ಮೆನು ಓದುತ್ತಾ ಕೂತರೆ ಅದೂ ಬ್ರೇಕ್ ಒತ್ತಿದ ಹಾಗೇ.

ಗಡಿಯಾರ ನೋಡುವ ಅಭ್ಯಾಸಕ್ಕೆ ಗೇಮ್ ಒಳ್ಳೆ ಮೇಷ್ಟ್ರು. ಕ್ವಾರ್ಟರ್ ಮುಗಿಯಲು 34 ಸೆಕೆಂಡ್ ಇರುವಾಗ ಶಾಟ್ ಹಾಕಿದರೆ, ಎದುರಿನವನು ಪೂರ್ತಿ 24 ತೆಗೆದುಕೊಂಡರೂ ನಿಮಗೆ ಇನ್ನೊಂದು ಸರದಿ ಉಳಿಯುತ್ತದೆ. ಸ್ಕ್ರೀನಿನಲ್ಲಿ ಎರಡೂ ಗಡಿಯಾರ ಕಾಣುವುದರಿಂದ ಇದು ಬೇಗ ಕೈಗೆ ಹತ್ತುತ್ತದೆ. ಆದರೆ ಶಾಟ್ ಕ್ಲಾಕ್ ಹಾಕದ ಮ್ಯಾಚಿಗೆ ಈ ಉಪಾಯ ತಗೊಂಡು ಹೋಗಬೇಡಿ. ಅಲ್ಲಿ ಎದುರಿನವನು ಕೊನೆವರೆಗೂ ಬಾಲ್ ಇಟ್ಟುಕೊಂಡು ನಿಮ್ಮನ್ನು ನೋಡಿ ನಗಬಹುದು.

ಮುಂದಿನ ಮ್ಯಾಚಿಗೆ ಒಂದು ಕೆಲಸ ಮಾಡಿ. ಬೆಂಚಿನಲ್ಲಿ ಕೂರುವ ಹುಡುಗನಿಗೆ ಪೆನ್ನು, ಹಾಳೆ ಕೊಡಿ. ಬಾಲ್ ಎದುರಿನವರ ಕೈಗೆ ಹೋದಲ್ಲಿಂದ ಅವನು ಏಳರವರೆಗೆ ಎಣಿಸಲಿ. ಅಷ್ಟರೊಳಗೆ ಅವರು ಶಾಟ್ ಹಾಕಿದರೆ ಒಂದು ಗೆರೆ. ಕ್ವಾರ್ಟರ್ ಮುಗಿದಾಗ ಗೆರೆ ನಾಲ್ಕಕ್ಕಿಂತ ಜಾಸ್ತಿ ಇದ್ದರೆ ನೀವು ಬಾಲ್ ಹೇಗೆ ಹಿಡಿದಿರಿ ಅಂತ ಚರ್ಚೆ ಬೇಡ, ಶಾಟ್ ಗಾಳಿಯಲ್ಲಿದ್ದಾಗ ಯಾರು ತಿರುಗಿ ಓಡಲಿಲ್ಲ ಅಂತ ಕೇಳಿ. ಆ ಹಾಳೆಯ ಫೋಟೋ ನನಗೂ ಕಳಿಸಿ.